ಹ್ಯಾಮ್ಲೆಟ್ ನೋಡಿ ನಿದ್ದೆಗೆಟ್ಟೆ: ಸ್ಮೊಕ್ತುನೊವ್‌ಸ್ಕಿ ಬಗ್ಗೆ ಮಾತಾಡೋರು ಯಾರಾದ್ರೂ ಇದ್ದೀರಾ?

ಕೊನೇಬೆಂಚು

ಹೋದ ಶನಿವಾರ ರಾತ್ರಿ ನಿದ್ದೆ ಬರಲಿಲ್ಲ. ಸುಮ್ನೆ ಮೊಬೈಲ್ ಕೆದಕುತ್ತಿದ್ದಾಗ ಶೇಕ್ಸ್‌ಪಿಯರ್ ನಾಟಕದ ಮೇಲೆ ಮಾಡಿದ 1964ರ ರಷ್ಯನ್ ಸಿನಿಮಾ ‘ಹ್ಯಾಮ್ಲೆಟ್’ ಸಿಕ್ಕಿತು. ಕಪ್ಪು ಬಿಳುಪು, ಕೆಳಗೆ ಇಂಗ್ಲಿಷ್ ಸಾಲುಗಳು, ಎರಡು ಗಂಟೆಗೂ ಜಾಸ್ತಿ. ಹತ್ತು ನಿಮಿಷ ನೋಡಿದರೆ ತೂಕಡಿಕೆ ಬರುತ್ತದೆ, ಮಲಗೋಣ ಅಂತ ಹಾಕಿದೆ. ಮುಗಿದಾಗ ಹಾಲಿನವನು ಬೆಲ್ ಒತ್ತುತ್ತಿದ್ದ.

ನಿರ್ದೇಶಕ ಗ್ರಿಗೊರಿ ಕೋಜಿಂತ್ಸೆವ್, ಸಂಗೀತ ಶೋಸ್ತಕೋವಿಚ್, ಮಾತುಗಳು ಪಾಸ್ತರ್ನಾಕ್ ಮಾಡಿದ ರಷ್ಯನ್ ಅನುವಾದದ್ದು. ಮೂವರೂ ಘಟಾನುಘಟಿಗಳು, ಒಪ್ಪಿದೆ. ಆದರೆ ನನ್ನನ್ನು ಕೂರಿಸಿದ್ದು ಅವರು ಯಾರೂ ಅಲ್ಲ, ಹ್ಯಾಮ್ಲೆಟ್ ಮಾಡಿದ ಮನುಷ್ಯ. ಇನ್ನೊಕೆಂತಿ ಸ್ಮೊಕ್ತುನೊವ್‌ಸ್ಕಿ.

ಒಂದು ದೃಶ್ಯ ಹೇಳುತ್ತೇನೆ. ಅಪ್ಪ ಸತ್ತಿದ್ದಾನೆ, ಅಮ್ಮ ಚಿಕ್ಕಪ್ಪನನ್ನು ಮದುವೆಯಾಗಿದ್ದಾಳೆ, ಅರಮನೆಯಲ್ಲಿ ಜನ ಗಿಜಿಗುಡುತ್ತಿದ್ದಾರೆ. ಅವರ ನಡುವೆ ಇವನು ನಡೆದು ಹೋಗುತ್ತಾನೆ. ಎಲ್ಲರೂ ಬಗ್ಗಿ ನಮಸ್ಕಾರ ಮಾಡಿ ದಾರಿ ಬಿಡುತ್ತಾರೆ. ಇವನ ತುಟಿ ಅಲ್ಲಾಡುವುದಿಲ್ಲ. ಒಳಗಿನ ಮಾತು ಮಾತ್ರ ನಮಗೆ ಕೇಳಿಸುತ್ತದೆ. ಕಣ್ಣೊಂದನ್ನು ಬಿಟ್ಟರೆ ಮುಖದಲ್ಲಿ ಏನೂ ನಡೆಯುವುದಿಲ್ಲ. ನಮ್ಮ ಕಡೆ ಆಗಿದ್ದರೆ ಈ ಜಾಗದಲ್ಲಿ ಕೈ ಮುಷ್ಟಿ ಬಿಗಿದು, ಹಲ್ಲು ಕಡಿದು, ಹಿಂದೆ ಗುಡುಗು ಬೇರೆ ಹಾಕಿಸುತ್ತಿದ್ದರು, ಅಲ್ವಾ? ಇವನು ಸಾವಿನ ಮನೆಗೆ ಬಂದ ನೆಂಟ ಸುಮ್ಮನೆ ಚಪ್ಪಲಿ ಹುಡುಕಿಕೊಂಡು ಹೊರಟ ಹಾಗೆ ಹೋಗುತ್ತಾನೆ. ನನಗೆ ಮೈ ಜುಂ ಅಂದಿತು.

ಒಂದು ವಾರದಿಂದ ಈ ಮನುಷ್ಯನ ಬಗ್ಗೆ ಸಿಕ್ಕಿದ್ದೆಲ್ಲ ಓದುತ್ತಿದ್ದೇನೆ. ಮನೆಯಲ್ಲಿ ಯಾರೂ ಕೇಳಿಸಿಕೊಳ್ಳುತ್ತಿಲ್ಲ. ಅದಕ್ಕೇ ಇಲ್ಲಿ ಬಂದೆ.

ಅಕ್ಕಿರೊಟ್ಟಿ

ಮೊದಲು ಆ ಹೆಸರನ್ನು ಒಂದು ಸಲ ಜೋರಾಗಿ ಹೇಳಿ ತೋರಿಸಿ. ನನಗೆ ಮೂರನೇ ಅಕ್ಷರಕ್ಕೇ ನಾಲಿಗೆ ಹೊರಳಲಿಲ್ಲ.

ತಮಾಷೆ ಬಿಡಿ. ರಷ್ಯನ್ ಸಿನಿಮಾ ಅಂದರೆ ನನಗೆ ಮಳೆ ಬರುತ್ತಿರುತ್ತದೆ, ಯಾರೋ ಕಿಟಕಿ ಪಕ್ಕ ನಿಂತಿರುತ್ತಾರೆ, ಅರ್ಧ ಗಂಟೆ ಆದ ಮೇಲೂ ಅಲ್ಲೇ ನಿಂತಿರುತ್ತಾರೆ, ಅಷ್ಟೇ ಗೊತ್ತು. ಈ ಮನುಷ್ಯ ಹ್ಯಾಮ್ಲೆಟ್ ಬಿಟ್ಟು ಬೇರೆ ಏನು ಮಾಡಿದ್ದಾರೆ? ದೊಡ್ಡ ಮನೆತನದವರಾ? ನೋಡಲು ಹಾಗೇ ಕಾಣುತ್ತಾರೆ.

ಕೊನೇಬೆಂಚು

ದೊಡ್ಡ ಮನೆತನವಾ! ಅಲ್ಲೇ ಇರುವುದು ಮಜಾ.

ಹುಟ್ಟಿದ್ದು 1925ರಲ್ಲಿ, ಸೈಬೀರಿಯಾದ ತೋಮ್ಸ್ಕ್ ಕಡೆಯ ತತ್ಯಾನೊವ್ಕಾ ಅನ್ನುವ ಹಳ್ಳಿ. ರೈತಾಪಿ ಮನೆ, ಮನೆ ತುಂಬ ಮಕ್ಕಳು. ಹೊಟ್ಟೆಗಿಲ್ಲದೆ ಊರು ಬಿಟ್ಟರು. ಇವರು ಬೆಳೆದದ್ದು ಕ್ರಾಸ್ನೊಯಾರ್ಸ್ಕ್‌ನಲ್ಲಿ, ಮಕ್ಕಳಿಲ್ಲದ ಸೋದರತ್ತೆಯ ಮನೆಯಲ್ಲಿ. ಆಗಿನ ಹೆಸರು ಸ್ಮೊಕ್ತುನೊವಿಚ್. ಅಪ್ಪ ಯುದ್ಧಕ್ಕೆ ಹೋದವರು ವಾಪಸ್ ಬರಲಿಲ್ಲ.

1943ರಲ್ಲಿ ಇವರಿಗೂ ಕರೆ ಬಂತು. ಮೊದಲು ಕಾಲಾಳು ಸೇನಾ ಶಾಲೆಗೆ ಹಾಕಿದ್ದರು, ಕಲಿತು ಮುಗಿಸಿದ್ದರೆ ಅಧಿಕಾರಿ ಆಗುತ್ತಿದ್ದರು. ತರಬೇತಿ ಹೊತ್ತಿನಲ್ಲಿ ಹೊಲದಲ್ಲಿ ಬಿಟ್ಟುಹೋಗಿದ್ದ ಆಲೂಗಡ್ಡೆ ಆಯ್ದುಕೊಂಡು ಸಿಕ್ಕಿಬಿದ್ದರು. ಶಿಕ್ಷೆ ಅಂತ ಸಾಮಾನ್ಯ ಸಿಪಾಯಿ ಮಾಡಿ ಸೀದಾ ಯುದ್ಧರಂಗಕ್ಕೆ. ಆಲೂಗಡ್ಡೆಗೆ! ಹದಿನೆಂಟು ವಯಸ್ಸು. ಕೂರ್ಸ್ಕ್ ಕಾಳಗ, ಆಮೇಲೆ ದ್ನೀಪರ್ ನದಿ ದಾಟುವುದು. ಗುಂಡಿನ ಮಳೆಯಲ್ಲಿ ವರದಿ ಹೊತ್ತು ನದಿ ದಾಟಿದ್ದಕ್ಕೆ ಶೌರ್ಯ ಪದಕ ಕೂಡ ಆಯಿತು. ಅದೇ ವರ್ಷ ಡಿಸೆಂಬರ್‌ನಲ್ಲಿ ಉಕ್ರೇನಿನ ಜಿತೊಮಿರ್ ಹತ್ತಿರ ಜರ್ಮನ್ನರ ಕೈಗೆ ಸಿಕ್ಕಿದರು.

ಸುಮಾರು ಒಂದು ತಿಂಗಳು ಶಿಬಿರಗಳಲ್ಲಿ ಇದ್ದರು. ಕೈದಿಗಳನ್ನು ಒಂದು ಕಡೆಯಿಂದ ಇನ್ನೊಂದು ಕಡೆ ನಡೆಸಿಕೊಂಡು ಹೋಗುವಾಗ ಸೇತುವೆ ಕೆಳಗೆ ಹಿಮದಲ್ಲಿ ಅಡಗಿ ತಪ್ಪಿಸಿಕೊಂಡರು. ಶೆವ್‌ಚುಕ್ ಅನ್ನುವ ಉಕ್ರೇನಿ ಕುಟುಂಬ ಮನೆಯೊಳಗೆ ಇಟ್ಟುಕೊಂಡು ಉಳಿಸಿತು. ಸಿಕ್ಕಿಬಿದ್ದಿದ್ದರೆ ಆ ಮನೆಯವರೆಲ್ಲ ಸಾಯುತ್ತಿದ್ದರು. ಅಲ್ಲಿಂದ ಗೆರಿಲ್ಲಾಗಳ ಜೊತೆ, ಮತ್ತೆ ಸೇನೆ, ವಾರ್ಸಾ, ಕೊನೆಗೆ ಜರ್ಮನಿಯೊಳಗೆ ಯುದ್ಧ ಮುಗಿಯಿತು.

ಮುಗಿಯಿತಾ? ಶತ್ರುವಿಗೆ ಸೆರೆ ಸಿಕ್ಕಿದ್ದವರನ್ನು ಸ್ಟಾಲಿನ್ ಕಾಲದಲ್ಲಿ ನಂಬುತ್ತಿರಲಿಲ್ಲ. ಯಾವತ್ತು ಬಂದು ಎತ್ತಿಕೊಂಡು ಹೋಗುತ್ತಾರೋ ಅನ್ನುವ ಭಯ. ಆಗ ಇವರು ಮಾಡಿದ್ದು ನೋಡಿ. 1946ರಲ್ಲಿ ತಾವಾಗಿಯೇ ನೊರಿಲ್ಸ್ಕ್‌ಗೆ ಹೋಗಿ ಅಲ್ಲಿನ ನಾಟಕ ಕಂಪನಿ ಸೇರಿದರು. ನೊರಿಲ್ಸ್ಕ್ ಅಂದರೆ ಉತ್ತರ ಧ್ರುವ ವೃತ್ತದ ಆಚೆ, ಕೈದಿಗಳು ಕಟ್ಟಿದ ಗಣಿ ಊರು. ಗಡೀಪಾರು ಮಾಡುವ ಜಾಗಕ್ಕೇ ಹೋಗಿ ಕೂತರೆ ಇನ್ನೆಲ್ಲಿಗೆ ಗಡೀಪಾರು ಮಾಡುತ್ತಾರೆ ಅನ್ನುವ ಲೆಕ್ಕ. ಹೆಸರು ಸ್ಮೊಕ್ತುನೊವ್‌ಸ್ಕಿ ಆದದ್ದೂ ಅಲ್ಲೇ.

ಐದು ವರ್ಷ ಆ ಚಳಿಯಲ್ಲಿ. ತರಕಾರಿ ಹಣ್ಣು ಕಾಣದೆ ಒಸಡು ಕೊಳೆತು ಹಲ್ಲು ಹೋದವು. ಅಕ್ಕಿರೊಟ್ಟಿಯವರೇ, ನೀವು ನೋಡಿದ ‘ದೊಡ್ಡ ಮನೆತನದ’ ಮುಖ ಇದು.

ಶಿರಸಿ ಮಾವ

ನಾನು ಮೂವತ್ತು ವರ್ಷದಿಂದ ಹವ್ಯಾಸಿ ನಾಟಕ ಆಡಿಸುತ್ತಾ ಬಂದವನು. ಈ ಮನುಷ್ಯನ ಹೆಸರು ನನಗೆ ಸಿನಿಮಾದಿಂದ ಅಲ್ಲ, ಒಬ್ಬ ಮನುಷ್ಯ ನಿಂತ ಭಂಗಿಯಿಂದ ಗೊತ್ತು. ಹೇಳುತ್ತೇನೆ, ಸ್ವಲ್ಪ ಉದ್ದ ಆದರೆ ಬೈಯಬೇಡಿ.

ನೊರಿಲ್ಸ್ಕ್ ಆದ ಮೇಲೆ ಮಖಚ್‌ಕಲಾ, ಸ್ಟಾಲಿನ್‌ಗ್ರಾಡ್ ಅಂತ ಊರೂರು ಅಲೆದು 1955ರಲ್ಲಿ ಮಾಸ್ಕೋಗೆ ಬಂದರು. ಅಲ್ಲಿ ಯಾವ ಥಿಯೇಟರಿನವರೂ ಸೇರಿಸಿಕೊಳ್ಳಲಿಲ್ಲ. ಹಾಕಿಕೊಳ್ಳಲು ಸರಿಯಾದ ಬಟ್ಟೆ ಇಲ್ಲ, ಹಿಮದಲ್ಲಿ ಜಾರುವ ಆಟಕ್ಕೆ ಹಾಕುತ್ತಾರಲ್ಲ ಆ ದಪ್ಪ ಉಡುಪಿನಲ್ಲೇ ಓಡಾಟ. ಯಾವುದೋ ಕಟ್ಟಡದ ಮೆಟ್ಟಿಲ ಮೇಲೆ ಮಲಗುವುದು. ಮೂವತ್ತು ವಯಸ್ಸು ದಾಟಿತ್ತು. ಕೊನೆಗೆ ಥಿಯೇಟರ್ ಒಂದರಲ್ಲಿ ವೇಷಭೂಷಣ ಮಾಡುತ್ತಿದ್ದ ಸುಲಾಮಿಫ್ ಅನ್ನುವ ಹೆಣ್ಣುಮಗಳು ಇವರನ್ನು ಗುರುತಿಸಿದರು. ಮಾಸ್‌ಫಿಲ್ಮ್ ಅನ್ನುವ ಸಿನಿಮಾ ಸ್ಟುಡಿಯೋದ ದೊಡ್ಡವರಿಗೆ ಹೇಳಿ ದಾರಿ ಮಾಡಿಕೊಟ್ಟರು. ಆಮೇಲೆ ಮದುವೆಯಾದರು, ಕೊನೆಯವರೆಗೂ ಜೊತೆಗಿದ್ದವರು ಅವರೇ.

1956ರಲ್ಲಿ ‘ಸಿಪಾಯಿಗಳು’ ಅನ್ನುವ ಸಿನಿಮಾದಲ್ಲಿ ಲೆಫ್ಟಿನೆಂಟ್ ಫಾರ್ಬರ್ ಅನ್ನುವ ಪಾತ್ರ ಸಿಕ್ಕಿತು. ಅದನ್ನು ಲೆನಿನ್‌ಗ್ರಾಡಿನ ದೊಡ್ಡ ನಿರ್ದೇಶಕ ತೊವ್‌ಸ್ತೊನೋಗೊವ್ ನೋಡಿದ್ದರು. ಅವರು ಆಗ ದಾಸ್ತೊಯೆವ್‌ಸ್ಕಿಯ ‘ಈಡಿಯಟ್’ ರಂಗಕ್ಕೆ ತರುತ್ತಿದ್ದರು. ಅದರ ನಾಯಕ ಪ್ರಿನ್ಸ್ ಮಿಶ್ಕಿನ್ ಪಾತ್ರಕ್ಕೆ ಯಾರೂ ಸರಿಹೋಗುತ್ತಿಲ್ಲ. ಆ ಸಿಪಾಯಿಯ ಕಣ್ಣು ನೆನಪಾಗಿ ಕರೆಸಿದರು.

ಕರೆಸಿದ ಮೇಲೆ ಶುರುವಾಯಿತು ಪಡಿಪಾಟಲು. ತಾಲೀಮು ದಿನದಿನಕ್ಕೂ ಕೆಟ್ಟದಾಗುತ್ತಾ ಹೋಯಿತು. ಜೊತೆ ನಟರು ಇವನ ಕೈಲಿ ಆಗದು ಅಂತ ಮುಸಿಮುಸಿ ನಕ್ಕರು. ಇವರಿಗೂ ಬಿಟ್ಟು ಓಡಿಹೋಗೋಣ ಅನ್ನಿಸಿತ್ತು. ಆಗ ಒಂದು ದಿನ ಸ್ಟುಡಿಯೋದಲ್ಲಿ, ಜನ ಓಡಾಡುತ್ತಿರುವ ಕಡೆ, ಒಬ್ಬ ಮನುಷ್ಯ ನಿಂತು ಪುಸ್ತಕ ಓದುತ್ತಿದ್ದುದು ಕಣ್ಣಿಗೆ ಬಿತ್ತು. ಸುತ್ತ ಗಲಾಟೆ. ಅವನು ಅಲ್ಲಿ ಇದ್ದೂ ಇಲ್ಲ. ಆಮೇಲೆ ಗೊತ್ತಾಯಿತು, ಅವನು ಹದಿನೇಳು ವರ್ಷ ಸ್ಟಾಲಿನ್ ಕಾಲದ ಕೈದಿ ಶಿಬಿರಗಳಲ್ಲಿ ಕಳೆದು ಬಂದವನು. ಸ್ಮೊಕ್ತುನೊವ್‌ಸ್ಕಿಗೆ ಮಿಶ್ಕಿನ್ ಸಿಕ್ಕಿಬಿಟ್ಟ. ಇದನ್ನು ಅವರೇ ಹೇಳಿಕೊಂಡಿದ್ದಾರೆ.

1957ರ ಡಿಸೆಂಬರ್ 31ಕ್ಕೆ ಮೊದಲ ಪ್ರದರ್ಶನ. ಬೆಳಗಾಗುವಷ್ಟರಲ್ಲಿ ಊರಲ್ಲೆಲ್ಲ ಅದೇ ಮಾತು. ಟಿಕೆಟ್‌ಗಾಗಿ ಬೇರೆ ಊರಿಂದ ರೈಲು ಹತ್ತಿ ಬರುತ್ತಿದ್ದರಂತೆ.

ನಮ್ಮ ತಂಡದ ಹುಡುಗರಿಗೆ ನಾನು ಈ ಕಥೆ ಎಷ್ಟು ಸಲ ಹೇಳಿದ್ದೇನೋ ಲೆಕ್ಕವಿಲ್ಲ. ಪಾತ್ರದ ಅಳು, ನಗು ಆಮೇಲೆ. ಮೊದಲು ಅವನು ಹೇಗೆ ನಿಲ್ಲುತ್ತಾನೆ ಅಂತ ಹುಡುಕಿ. ಯಕ್ಷಗಾನದಲ್ಲಿ ವೇಷ ರಂಗಕ್ಕೆ ಬಂದು ನಿಂತ ಕೂಡಲೇ ಇವನು ಯಾರು ಅಂತ ತಿಳಿಯುತ್ತದಲ್ಲ, ಅದೇ.

ಬೀದರ್ ಕೋಟೆ

ಅಣ್ಣಾರ, ನಡುವೆ ಬಾಯಿ ಹಾಕ್ತೀನಿ, ಕ್ಷಮಿಸ್ರಿ. ರಷ್ಯನ್ ನಟರು ಅಂದ ಕೂಡಲೇ ನಮ್ಮೂರವರಿಗೆ ನೆನಪಾಗಬೇಕಾದ ಹೆಸರು ಬೇರೆ. ಓಲೆಗ್ ಸ್ತ್ರಿಜೆನೊವ್.

1957ರಲ್ಲಿ ‘ಪರದೇಸಿ’ ಅಂತ ಸಿನಿಮಾ ಬಂತು. ಭಾರತ ಮತ್ತು ಸೋವಿಯತ್ ಒಕ್ಕೂಟ ಕೂಡಿ ಮಾಡಿದ ಮೊದಲ ಸಿನಿಮಾ. ನಮ್ಮ ಕಡೆಯಿಂದ ಖ್ವಾಜಾ ಅಹ್ಮದ್ ಅಬ್ಬಾಸ್, ಅವರ ಕಡೆಯಿಂದ ವಾಸಿಲಿ ಪ್ರೋನಿನ್ ನಿರ್ದೇಶನ. ನರ್ಗಿಸ್, ಪದ್ಮಿನಿ, ಬಲರಾಜ್ ಸಾಹನಿ ಎಲ್ಲರೂ ಇದ್ದಾರೆ. ಸ್ತ್ರಿಜೆನೊವ್ ಮಾಡಿದ್ದು ಅಫನಾಸಿ ನಿಕಿತಿನ್ ಪಾತ್ರ. ಈ ನಿಕಿತಿನ್ ತ್ವೇರ್ ಊರಿನ ವ್ಯಾಪಾರಿ, 15ನೇ ಶತಮಾನದವನು. ಕುದುರೆ ಮಾರಿದರೆ ಲಾಭ ಅಂತ ಯಾರೋ ಹೇಳಿದ್ದು ಕೇಳಿ ಒಂದು ಕುದುರೆ ಕಟ್ಟಿಕೊಂಡು ಸಮುದ್ರ ದಾಟಿ ಬಂದ. ಜುನ್ನರದಾಗ ಅಲ್ಲಿನ ಖಾನ ಆ ಕುದುರೆ ಕಸಿದುಕೊಂಡ, ಹೆಂಗೋ ವಾಪಸ್ ಪಡೆದ. ಕಡೆಗೆ ಅದನ್ನು ಮಾರಿದ್ದು ಎಲ್ಲಿ ಗೊತ್ತೇನು? ನಮ್ಮ ಬೀದರದಾಗ. ಬಹಮನಿ ಸುಲ್ತಾನರ ಕಾಲ, ಮಹಮೂದ್ ಗವಾನ್ ದಿವಾನನಾಗಿದ್ದ ಹೊತ್ತು. ಸುಲ್ತಾನನ ಮೆರವಣಿಗೆ, ಆನೆಗಳು, ಕೋಟೆ ಬಾಗಿಲು ಎಲ್ಲ ಬರೆದಿಟ್ಟಿದ್ದಾನೆ. ಪಾಪ, ತನ್ನೂರು ಮುಟ್ಟುವ ಮೊದಲೇ ಸ್ಮೊಲೆನ್ಸ್ಕ್ ಹತ್ತಿರ ತೀರಿಕೊಂಡ.

ನಾನು ಗವಾನರ ಮದರಸಾ ಮುಂದಿನಿಂದ ದಿನಾ ಓಡಾಡುತ್ತೇನೆ. ಉಳಿದ ಮಿನಾರಿನ ಮೇಲೆ ಇನ್ನೂ ನೀಲಿ ಹೆಂಚಿನ ಚೂರು ಕಾಣುತ್ತವೆ. ಸಿನಿಮಾದಾಗ ಸ್ತ್ರಿಜೆನೊವ್ ಹೊಳೆಯುವ ಕಣ್ಣು ಬಿಟ್ಟುಕೊಂಡು ನಮ್ಮ ದೇಶ ನೋಡುವುದು ನೋಡಿದರೆ ನಗುವೂ ಬರುತ್ತದೆ, ಪ್ರೀತಿನೂ ಬರುತ್ತದೆ. ಆ ಮನುಷ್ಯ ಇತ್ತೀಚಿನವರೆಗೂ ಬದುಕಿದ್ದ, 2025ರ ಫೆಬ್ರವರಿಯಲ್ಲಿ ತೀರಿಕೊಂಡ. 95 ವಯಸ್ಸು.

ಈಗ ನಿಮ್ಮ ಹ್ಯಾಮ್ಲೆಟ್ ಕಡೆ ಹೋಗ್ರಿ.

ಕೊನೇಬೆಂಚು

ಬೀದರ್ ಅಣ್ಣ, ಇದಕ್ಕೆ ಬೇರೆಯದೇ ಚರ್ಚೆ ಶುರು ಮಾಡಿ, ನಾನೇ ಮೊದಲು ಬರುತ್ತೇನೆ. ಸ್ತ್ರಿಜೆನೊವ್ ಸುಂದರ, ಹೀರೋ. ಸ್ಮೊಕ್ತುನೊವ್‌ಸ್ಕಿ ಹೀರೋ ಮುಖವೇ ಅಲ್ಲ. ಉದ್ದ ಮುಖ, ದೊಡ್ಡ ಹಣೆ, ಕೂದಲು ಆಗಲೇ ತೆಳ್ಳಗೆ.

ಮಾಸ್ಕೋ ಡೈರಿ

ಇಷ್ಟೆಲ್ಲ ಬರೆದು ‘ಕಾರಿನ ಬಗ್ಗೆ ಎಚ್ಚರ’ ಸಿನಿಮಾ ಹೆಸರು ಯಾರೂ ಎತ್ತಲಿಲ್ಲವಲ್ಲ! ನಾನು 1986ರಿಂದ ಐದು ವರ್ಷ ಮಾಸ್ಕೋದಲ್ಲಿ ಓದಿದವಳು. ಅಲ್ಲಿ ಯಾರನ್ನಾದರೂ ಸ್ಮೊಕ್ತುನೊವ್‌ಸ್ಕಿ ಅಂದರೆ ಕೇಳಿ. ವಿದ್ಯಾವಂತರು ಮೊದಲು ಹ್ಯಾಮ್ಲೆಟ್ ಅನ್ನುತ್ತಾರೆ, ಹಾಸ್ಟೆಲ್ ಕಸ ಗುಡಿಸುವ ಅಜ್ಜಿ ದೆತೊಚ್ಕಿನ್ ಅನ್ನುತ್ತಿದ್ದರು. ವಿದ್ಯಾವಂತರೂ ಎರಡನೇ ಉಸಿರಿಗೆ ದೆತೊಚ್ಕಿನ್ ಅನ್ನುತ್ತಿದ್ದರು.

1966ರ ಸಿನಿಮಾ, ಎಲ್ದಾರ್ ರಿಯಾಜಾನೊವ್ ನಿರ್ದೇಶನ. ಯೂರಿ ದೆತೊಚ್ಕಿನ್ ಅಂತ ಒಬ್ಬ ಇನ್ಶೂರೆನ್ಸ್ ಏಜೆಂಟ್. ಟೋಪಿ, ಬ್ರೀಫ್‌ಕೇಸ್, ಸಂಕೋಚದ ಮನುಷ್ಯ. ಆದರೆ ರಾತ್ರಿ ಹೊತ್ತು ವೋಲ್ಗಾ ಕಾರು ಕದಿಯುತ್ತಾನೆ. ಯಾರದ್ದೆಂದರೆ ಅವರದ್ದಲ್ಲ, ಲಂಚ ತಿಂದು ಕಾರು ಕೊಂಡವರದ್ದು ಮಾತ್ರ. ಮಾರಿ ಬಂದ ದುಡ್ಡನ್ನು ಅನಾಥಾಶ್ರಮಗಳಿಗೆ ಕಳಿಸುತ್ತಾನೆ. ತನ್ನ ಓಡಾಟದ ಖರ್ಚು ಎಷ್ಟೋ ಅಷ್ಟೇ ಮುರಿದುಕೊಳ್ಳುತ್ತಾನೆ, ಲೆಕ್ಕ ಪಕ್ಕಾ. ಇವನನ್ನು ಹಿಡಿಯಬೇಕಾದ ತನಿಖಾಧಿಕಾರಿ ಒಬ್ಬನಿದ್ದಾನೆ. ಇಬ್ಬರೂ ಒಂದೇ ಹವ್ಯಾಸಿ ನಾಟಕ ತಂಡದಲ್ಲಿದ್ದಾರೆ. ಶಿರಸಿ ಮಾವ, ಇದು ನಿಮಗಾಗಿಯೇ ಮಾಡಿದ ಸಿನಿಮಾ. ತಂಡದ ನಿರ್ದೇಶಕ ಒಂದು ದಿನ ‘ನಮ್ಮ ವಿಲಿಯಂ ಶೇಕ್ಸ್‌ಪಿಯರ್‌ಗೇ ಯಾಕೆ ಕೈ ಹಾಕಬಾರದು’ ಅನ್ನುತ್ತಾನೆ. ಕಳ್ಳ ಹ್ಯಾಮ್ಲೆಟ್ ಆಗುತ್ತಾನೆ, ಪೊಲೀಸ್ ಅವನ ಎದುರಾಳಿ ಲಾಯರ್ಟಿಸ್ ಆಗುತ್ತಾನೆ, ಕತ್ತಿ ಹಿಡಿದು ರಂಗದ ಮೇಲೆ ಹೊಡೆದಾಡುತ್ತಾರೆ. ಎರಡು ವರ್ಷದ ಹಿಂದೆ ದೇಶವೇ ಕಂಡ ಹ್ಯಾಮ್ಲೆಟ್ ಇವರೇ. ಈಗ ಅದೇ ಪಾತ್ರವನ್ನು ಇನ್ಶೂರೆನ್ಸ್ ಏಜೆಂಟ್ ಆಗಿ, ಹವ್ಯಾಸಿ ತಂಡದಲ್ಲಿ ಮಾಡುತ್ತಿದ್ದಾರೆ.

ಇನ್ನೊಂದು ಹೇಳಲೇಬೇಕು. ಅದರಲ್ಲಿ ದೆತೊಚ್ಕಿನ್‌ನನ್ನು ಮೋಟರ್‌ಸೈಕಲ್ ಮೇಲೆ ಅಟ್ಟಿಸಿಕೊಂಡು ಹೋಗುವ ಟ್ರಾಫಿಕ್ ಪೊಲೀಸ್ ಇದ್ದಾನಲ್ಲ, ಅದನ್ನು ಮಾಡಿದವರು ಗಿಯೋರ್ಗಿ ಜ್ಯೋನೊವ್. 1938ರಲ್ಲಿ ಸುಳ್ಳು ಆರೋಪದ ಮೇಲೆ ಬಂಧನವಾಗಿ ಕೊಲಿಮಾದ ಕೈದಿ ಶಿಬಿರಗಳಲ್ಲಿ ವರ್ಷಗಟ್ಟಲೆ ಇದ್ದವರು. ಆಮೇಲೆ ಗಡೀಪಾರಾಗಿ ಬಂದದ್ದು ನೊರಿಲ್ಸ್ಕ್‌ಗೆ, ಕೊನೇಬೆಂಚು ಹೇಳಿದ ಅದೇ ನಾಟಕ ಕಂಪನಿಗೆ. ಅಲ್ಲಿ ಇಬ್ಬರೂ ಗೆಳೆಯರು. ನೀನು ಇಲ್ಲಿಂದ ಹೊರಡು, ನಿನ್ನ ಜಾಗ ಇದಲ್ಲ ಅಂತ ಇವರಿಗೆ ಹೇಳುತ್ತಿದ್ದವರೂ ಅವರೇ. ಆ ಇಬ್ಬರು 1966ರಲ್ಲಿ ಕಳ್ಳ ಪೊಲೀಸ್ ಆಟ ಆಡುತ್ತಿದ್ದಾರೆ, ಜನ ನಗುತ್ತಿದ್ದಾರೆ.

ನಾನು ಅವರನ್ನು ರಂಗದ ಮೇಲೆ ನೋಡಿದ್ದೇನಾ ಅಂತ ಕೇಳಬೇಡಿ. ಮಾಸ್ಕೋ ಆರ್ಟ್ ಥಿಯೇಟರ್ ಮುಂದೆ ಎರಡು ಸಲ ನಿಂತಿದ್ದೇನೆ. ಟಿಕೆಟ್ ಇಲ್ಲದವರು ಬಾಗಿಲ ಹೊರಗೆ ನಿಂತು ಬಂದವರನ್ನೆಲ್ಲ ‘ಲಿಶ್ನಿ ಬಿಲ್ಯೆತ್?’ ಅನ್ನುವುದು, ಹೆಚ್ಚಿಗೆ ಟಿಕೆಟ್ ಇದೆಯಾ ಅಂತ. ನಾನು ಮಂಗಳೂರು ಕಡೆಯವಳು, ಎರಡು ಜೊತೆ ಕಾಲುಚೀಲ ಹಾಕಿದ್ದರೂ ಬೆರಳು ಮರಗಟ್ಟುತ್ತಿತ್ತು. ಎರಡು ಸಲವೂ ಟಿಕೆಟ್ ಸಿಗಲಿಲ್ಲ. ಎರಡನೇ ಸಲ ಪಕ್ಕದಲ್ಲಿ ನಿಂತ ಅಜ್ಜ ಒಬ್ಬರು ‘ಮಗಳೇ, ನಾನು 1976ರಲ್ಲಿ ಇವರ ಇವಾನೊವ್ ನೋಡಿದ್ದೇನೆ, ಹೇಳಲಾ’ ಅಂತ ಬಸ್ ಸ್ಟಾಪಿನವರೆಗೂ ಹೇಳುತ್ತಾ ಬಂದರು. ಚೆಕೊವ್‌ನ ಆ ನಾಟಕದಲ್ಲಿ ಇವರು ಮೊದಲರ್ಧ ಗಂಟೆ ಕೈ ಎಲ್ಲಿಡಬೇಕು ಅಂತ ಗೊತ್ತಿಲ್ಲದವರ ಹಾಗೆ ಇದ್ದರಂತೆ, ಅದನ್ನು ನೋಡಿಯೇ ಅಜ್ಜನಿಗೆ ಅಳು ಬಂದಿತ್ತಂತೆ.

ತಕರಾರು ತಿಮ್ಮ

ಎಲ್ಲರೂ ಭಾವುಕರಾಗಿದ್ದೀರಿ. ಒಂದು ಬಕೆಟ್ ತಣ್ಣೀರು ನನ್ನ ಕಡೆಯಿಂದ.

ಯುದ್ಧ, ಸೆರೆ, ಹಸಿವು, ಅದರಿಂದ ದೊಡ್ಡ ನಟ ಅನ್ನುವ ಲೆಕ್ಕ ನನಗೆ ಒಪ್ಪಿಗೆಯಿಲ್ಲ. ಲಕ್ಷಗಟ್ಟಲೆ ಜನ ಸೆರೆಯಲ್ಲಿದ್ದರು. ಅವರೆಲ್ಲ ಹ್ಯಾಮ್ಲೆಟ್ ಆದರಾ? ಕಷ್ಟಪಟ್ಟವನು ಅಂದ ಕೂಡಲೇ ನಟನೆಯಲ್ಲೂ ಆ ಕಷ್ಟ ಕಾಣತೊಡಗುತ್ತದೆ ನಮಗೆ. ಕಥೆ ಗೊತ್ತಿಲ್ಲದೆ ನೋಡಿದರೆ?

ಇನ್ನೊಂದು, ಈ ಮನುಷ್ಯ ನೂರಕ್ಕೂ ಜಾಸ್ತಿ ಸಿನಿಮಾ ಮಾಡಿದ್ದಾರೆ. ಅರ್ಧಕ್ಕರ್ಧ ಈಗ ಯಾರಿಗೂ ನೆನಪಿಲ್ಲದವು. ಲೆನಿನ್ ಪಾತ್ರವನ್ನೂ ಮಾಡಿದ್ದಾರೆ. ಹ್ಯಾಮ್ಲೆಟ್‌ಗೆ 1965ರಲ್ಲಿ ಸಿಕ್ಕಿದ್ದು ಲೆನಿನ್ ಪ್ರಶಸ್ತಿ. ವ್ಯವಸ್ಥೆಗೆ ಹೆದರಿ ಧ್ರುವದಲ್ಲಿ ಅವಿತುಕೊಂಡವರು ಅದೇ ವ್ಯವಸ್ಥೆಯ ಹಾರ ಹಾಕಿಸಿಕೊಂಡರು. ಅದನ್ನೂ ಹೇಳಿ.

ಕೊನೇಬೆಂಚು

ತಿಮ್ಮಣ್ಣ, ನಿಮ್ಮ ಮೊದಲ ಮಾತು ಸರಿ. ಆದರೆ ನಾನು ಕಥೆ ಗೊತ್ತಿಲ್ಲದೆಯೇ ನೋಡಿದ್ದು. ಶನಿವಾರ ರಾತ್ರಿ ನನಗೆ ಅವರ ಹೆಸರೂ ಗೊತ್ತಿರಲಿಲ್ಲ.

ಕಷ್ಟ ನಟನನ್ನು ಮಾಡಲಿಲ್ಲ, ಒಪ್ಪಿದೆ. ನನಗೆ ಅನ್ನಿಸುವುದು ಬೇರೆ. ಮೂವತ್ತು ವರ್ಷದವರೆಗೆ ಈ ಮನುಷ್ಯ ಕಲಿತದ್ದು ಒಂದೇ, ತಾನು ಯಾರು ಅಂತ ಮುಖದಲ್ಲಿ ತೋರಿಸದೆ ಇರುವುದು. ಸೇತುವೆ ಕೆಳಗೆ, ಉಕ್ರೇನಿನ ಮನೆಯಲ್ಲಿ, ನೊರಿಲ್ಸ್ಕ್‌ನಲ್ಲಿ, ಎಲ್ಲ ಕಡೆ ಅದೇ. ಹ್ಯಾಮ್ಲೆಟ್ ಮಾಡಬೇಕಾದ್ದೂ ಅದೇ ಅಲ್ವಾ? ಅರಮನೆ ತುಂಬ ಗೂಢಚಾರರು, ಇವನು ಗೊತ್ತಿರುವುದನ್ನು ಗೊತ್ತಿಲ್ಲದವನಂತೆ ಓಡಾಡಬೇಕು. ಆ ಸಿನಿಮಾದಲ್ಲಿ ಹ್ಯಾಮ್ಲೆಟ್ ಪ್ರೀತಿಸಿದ ಹುಡುಗಿ ಒಫೀಲಿಯಾಗೆ ಶೋಕದ ಬಟ್ಟೆ ತೊಡಿಸುವ ದೃಶ್ಯ ಇದೆ. ಮೊದಲು ಮೈಗೆ ಕಬ್ಬಿಣದ ಪಟ್ಟಿಗಳ ಪಂಜರ ಬಿಗಿಯುತ್ತಾರೆ, ಆಮೇಲೆ ಅದರ ಮೇಲೆ ಕಪ್ಪು ಬಟ್ಟೆ. ಕೋಜಿಂತ್ಸೆವ್ ತೆಗೆದದ್ದು ನಾಟಕ ನಡೆಯುವ ಡೆನ್ಮಾರ್ಕ್ ಅಂತ 1964ರಲ್ಲಿ ಅಲ್ಲಿ ಕೂತು ನೋಡಿದವರು ನಂಬಿರಲಾರರು. ಹಾಗೆ ನೋಡಿದರೆ ನಾಟಕವನ್ನು ತಮ್ಮ ಊರಿಗೇ ತಂದುಕೊಂಡವರು ನಮ್ಮಲ್ಲೂ ಇದ್ದಾರೆ, ಕುವೆಂಪು ‘ರಕ್ತಾಕ್ಷಿ’ಯಲ್ಲಿ ಹ್ಯಾಮ್ಲೆಟ್‌ನನ್ನು ಬಿದನೂರಿಗೆ ಕರೆತಂದರಲ್ಲ.

ಲೆನಿನ್ ಪ್ರಶಸ್ತಿ ತಗೊಂಡರು, ಹೌದು. ಸೆರೆಯಲ್ಲಿದ್ದೆ ಅಂತ ಎತ್ತಿಕೊಂಡು ಹೋಗಬಹುದಾಗಿದ್ದವರಿಗೆ ಆ ಪದಕ ಎದೆ ಮೇಲೆ ಇದ್ದರೆ ರಾತ್ರಿ ನಿದ್ದೆ ಚೆನ್ನಾಗಿ ಬಂದಿರಬಹುದು. ನಾನಾಗಿದ್ದರೆ ಎರಡು ಕೇಳುತ್ತಿದ್ದೆ.

ಶಿರಸಿ ಮಾವ

ತಿಮ್ಮನ ಮಾತಿಗೆ ನನ್ನದೂ ಒಂದು. ಈ ಮನುಷ್ಯನ ನಾಚಿಕೆ, ಮೆಲು ದನಿ ನೋಡಿ ಸಾಧು ಅಂದುಕೊಳ್ಳಬೇಡಿ. ಒಳಗೆ ಉಕ್ಕು. ಹ್ಯಾಮ್ಲೆಟ್ ಚಿತ್ರೀಕರಣದಲ್ಲಿ ಕೋಜಿಂತ್ಸೆವ್ ಜೊತೆ ಜಗಳ. ಮಿಶ್ಕಿನ್‌ನಿಂದ ಹೆಸರು ಬಂದ ಎರಡು ಮೂರು ವರ್ಷಕ್ಕೇ ಸಿನಿಮಾ ಮಾಡುತ್ತೇನೆ ಅಂತ ತೊವ್‌ಸ್ತೊನೋಗೊವ್ ಥಿಯೇಟರನ್ನೇ ಬಿಟ್ಟರು. ನಾಟಕದವರಿಗೆ ಇಂಥದ್ದು ಎಷ್ಟು ಉರಿಯುತ್ತದೆ ಅಂತ ನನಗೆ ಗೊತ್ತು, ನಮ್ಮ ತಂಡದಿಂದ ಧಾರಾವಾಹಿಗೆ ಹೋದ ಹುಡುಗನ ಜೊತೆ ನಾನು ಒಂದು ವರ್ಷ ಮಾತಾಡಿರಲಿಲ್ಲ. ಆದರೂ 1966ರಲ್ಲಿ ‘ಈಡಿಯಟ್’ ನಾಟಕ ಲಂಡನ್, ಪ್ಯಾರಿಸ್‌ಗೆ ಹೋಗುವಾಗ ಇವರನ್ನೇ ವಾಪಸ್ ಕರೆಯಬೇಕಾಯಿತು. ಬೇರೆ ಮಿಶ್ಕಿನ್ ಎಲ್ಲಿಂದ ತರುತ್ತಾರೆ?

ಇನ್ನು ಕೆಟ್ಟ ಸಿನಿಮಾ ವಿಷಯ. ನೂರರಲ್ಲಿ ಐವತ್ತು ಬಿಡಿ, ಉಳಿದದ್ದು ನೋಡಿ. 1962ರಲ್ಲಿ ಪುಷ್ಕಿನ್‌ನ ‘ಮೊಜಾರ್ಟ್ ಮತ್ತು ಸಲಿಯೇರಿ’ ಆಧರಿಸಿದ ಸಂಗೀತ ಸಿನಿಮಾದಲ್ಲಿ ಇವರು ಮೊಜಾರ್ಟ್. 1979ರಲ್ಲಿ ಅದೇ ಕಥೆ ಟೆಲಿವಿಷನ್‌ಗೆ ಮಾಡಿದಾಗ ಇವರು ಸಲಿಯೇರಿ. ವಿಷ ಕುಡಿದವನನ್ನೂ ಮಾಡಿದರು, ವಿಷ ಹಾಕಿದವನನ್ನೂ ಮಾಡಿದರು. ನಮ್ಮಲ್ಲಿ ಒಂದೇ ಪ್ರಸಂಗದಲ್ಲಿ ಕೃಷ್ಣನನ್ನೂ ಕೌರವನನ್ನೂ ಮಾಡಬಲ್ಲ ಕಲಾವಿದರು ಬೆರಳೆಣಿಕೆ. ‘ಅಪರಾಧ ಮತ್ತು ಶಿಕ್ಷೆ’ಯ ಪೊರ್ಫಿರಿ, 1970. ಕೊಲೆಗಾರನನ್ನು ವಿಚಾರಿಸುವಾಗ ದನಿ ಎತ್ತುವುದಿಲ್ಲ, ಊಟಕ್ಕೆ ಎಬ್ಬಿಸುವ ಭಾವನ ಹಾಗೆ ಮಾತಾಡುತ್ತಾರೆ. ಅದಕ್ಕೇ ಭಯ. ಅದೇ ವರ್ಷ ಚೆಕೊವ್‌ನ ‘ವಾನ್ಯಾ ಮಾವ’, ಅದೇ ವರ್ಷ ಸಂಗೀತಗಾರ ಚೈಕೋವ್‌ಸ್ಕಿ ಜೀವನದ ಸಿನಿಮಾ, ಅದು ಆಸ್ಕರ್ ಪಟ್ಟಿಗೂ ಹೋಯಿತು. ಒಂದು ವರ್ಷದಲ್ಲಿ ಮೂರು ಬೇರೆ ಬೇರೆ ಮನುಷ್ಯರು.

ತಾರ್ಕೊವ್‌ಸ್ಕಿಯ ‘ಕನ್ನಡಿ’ಯಲ್ಲಿ ಕಥೆ ಹೇಳುವವನ ದನಿ ಇವರದ್ದೇ. ಮುಖವೇ ಇಲ್ಲ, ದನಿ ಅಷ್ಟೇ. ಅಕ್ಕಿರೊಟ್ಟಿ, ಅದೇ ನಿನ್ನ ಕಿಟಕಿ, ಮಳೆ ಸಿನಿಮಾ. ಬೇಡ, ಅದರಿಂದ ಶುರು ಮಾಡಬೇಡ.

ತಕರಾರು ತಿಮ್ಮ

ಕೌರವ, ಕೃಷ್ಣನ ಮಾತಿಗೆ ಸೋತೆ. ಲೆನಿನ್ ವಿಷಯ ಮಾತ್ರ ಬಿಡುವುದಿಲ್ಲ.

ಮಾಸ್ಕೋ ಡೈರಿ

ಬಿಡಬೇಡಿ ತಿಮ್ಮ, ಅವರು ಇನ್ನೊಂದು ಸಿನಿಮಾದಲ್ಲಿ ಅಮೆರಿಕದ ರೂಸ್‌ವೆಲ್ಟ್ ಕೂಡ ಆಗಿದ್ದಾರೆ. ಎರಡೂ ಕಡೆ ಸಮ.

ಆ ಶೌರ್ಯ ಪದಕದ ಕಥೆ ಕೊನೇಬೆಂಚು ಅರ್ಧಕ್ಕೆ ಬಿಟ್ಟರು. 1943ರಲ್ಲಿ ಘೋಷಣೆ ಆಗಿತ್ತು, ಆದರೆ ಕೈಗೆ ಬರಲಿಲ್ಲ, ಅಷ್ಟರಲ್ಲಿ ಅವರು ಸೆರೆಯಲ್ಲಿದ್ದರು. ಅದು ಕೈಗೆ ಬಂದದ್ದು 1992ರಲ್ಲಿ! ಮಾಸ್ಕೋ ಆರ್ಟ್ ಥಿಯೇಟರ್‌ನ ರಂಗದ ಮೇಲೆಯೇ ಕೊಟ್ಟರು. ಕೊಡಲು ಹೊರಟಿದ್ದ ದೇಶವೇ ಅಷ್ಟೊತ್ತಿಗೆ ಇರಲಿಲ್ಲ.

ಅದಕ್ಕೂ ಸ್ವಲ್ಪ ಮೊದಲು, 1990ರಲ್ಲಿ, ‘ಹೆಂಗಸರ ದರ್ಜಿ’ ಅನ್ನುವ ಸಿನಿಮಾ ಬಂತು. 1941ರ ಕೀವ್. ಇವರು ಮುದಿ ಯಹೂದಿ ದರ್ಜಿ ಐಸಾಕ್. ಮರುದಿನ ಬೆಳಗ್ಗೆ ಜರ್ಮನ್ನರು ಊರಿನ ಯಹೂದಿಗಳನ್ನೆಲ್ಲ ಕೊಲ್ಲಲು ಬಾಬಿ ಯಾರ್ ಕಂದಕಕ್ಕೆ ಕರೆದುಕೊಂಡು ಹೋಗುತ್ತಾರೆ. ಅದರ ಹಿಂದಿನ ರಾತ್ರಿಯ ಕಥೆ. ಮನೆಯವರು ಎಲ್ಲಿಗೆ ಕರೆಯುತ್ತಿದ್ದಾರೆ ಅಂತ ಗೊತ್ತಿಲ್ಲದೆ ಗಂಟು ಮೂಟೆ ಕಟ್ಟುತ್ತಿದ್ದಾರೆ. ಅಲ್ಲಿನ ಸಿನಿಮಾ ಪ್ರಶಸ್ತಿ ನಿಕಾ ಬಂತು ಅದಕ್ಕೆ. ನಾನು ಆಗ ಕೊನೇ ವರ್ಷದಲ್ಲಿದ್ದೆ. ಸಿನಿಮಾ ಮುಗಿದ ಮೇಲೆ ಥಿಯೇಟರಿನಲ್ಲಿ ದೀಪ ಹಾಕಿದರು, ಯಾರೂ ಏಳಲಿಲ್ಲ. ಕೋಟು ಇಸ್ಕೊಳ್ಳುವ ಕಡೆ ದಿನಾ ನೂಕುನುಗ್ಗಲು ಇರುತ್ತಿತ್ತು, ಅವತ್ತು ಜನ ಒಬ್ಬರಿಗೊಬ್ಬರು ಕೋಟು ಹಿಡಿದು ತೊಡಿಸುತ್ತಿದ್ದರು.

ಅವರು 1994ರ ಆಗಸ್ಟ್ 3ರಂದು ಹೋದರು, ಹೃದಯದ ತೊಂದರೆ. 69 ವಯಸ್ಸು. ಮಾಸ್ಕೋದ ನೊವೊದೇವಿಚಿ ಸ್ಮಶಾನದಲ್ಲಿ ಸಮಾಧಿ. ನಾನು ಅಷ್ಟೊತ್ತಿಗೆ ಊರಿಗೆ ಬಂದಿದ್ದೆ. ಇಲ್ಲಿನ ಪೇಪರಿನಲ್ಲಿ ನನ್ನ ಕಣ್ಣಿಗೇನೂ ಬೀಳಲಿಲ್ಲ. ಗೆಳತಿಯ ಕಾಗದ ಬಂದ ಮೇಲೆ ಗೊತ್ತಾಯಿತು, ಒಂದು ತಿಂಗಳು ಕಳೆದಿತ್ತು.

ಅಕ್ಕಿರೊಟ್ಟಿ

ನಾನು ನಿನ್ನೆ ‘ಕಾರಿನ ಬಗ್ಗೆ ಎಚ್ಚರ’ ನೋಡಿದೆ. ಮಾಸ್‌ಫಿಲ್ಮ್‌ನವರೇ ಯೂಟ್ಯೂಬ್‌ನಲ್ಲಿ ಹಾಕಿದ್ದಾರೆ. ಅಮ್ಮ ಹೂವು ಕಟ್ಟುತ್ತಾ ಪಕ್ಕದಲ್ಲಿ ಕೂತಿದ್ದರು. ಅವರಿಗೆ ಇಂಗ್ಲಿಷ್ ಸಾಲು ಓದಲು ಬರುವುದಿಲ್ಲ, ನಾನು ನಡುನಡುವೆ ಹೇಳುತ್ತಿದ್ದೆ. ಅರ್ಧ ಆದ ಮೇಲೆ ‘ಹೇಳ್ಬೇಡ, ಗೊತ್ತಾಗ್ತಿದೆ’ ಅಂದರು.

ಕೋರ್ಟಿನಲ್ಲಿ ಆ ತನಿಖಾಧಿಕಾರಿಯೇ ಎದ್ದು ನಿಂತು ಕಳ್ಳನ ಪರ ಮಾತಾಡುವಾಗ ಅಮ್ಮನ ಕೈಲಿದ್ದ ದಾರ ನಿಂತಿತು. ಕೊನೆಯಲ್ಲಿ ಅವನು ಜೈಲಿನಿಂದ ಬಂದು, ಬೋಳುತಲೆಯಲ್ಲಿ, ಟ್ರಾಲಿ ಬಸ್ ಓಡಿಸುತ್ತಿರುವ ಅವನ ಹುಡುಗಿಯ ಕಿಟಕಿ ಮುಂದೆ ನಿಂತು ‘ಲ್ಯೂಬಾ, ನಾನು ವಾಪಸ್ ಬಂದೆ’ ಅನ್ನುತ್ತಾನಲ್ಲ, ನಾನು ಸ್ವಲ್ಪ ಅತ್ತೆ. ಅಮ್ಮ ಅಳಲಿಲ್ಲ. ‘ಎಷ್ಟು ಸಣ್ಣಗಾಗಿದ್ದಾನೆ ನೋಡು, ಮೊದಲು ಊಟ ಹಾಕ್ಬೇಕು ಇವನಿಗೆ’ ಅಂದು ಹೂವಿನ ಬುಟ್ಟಿ ಎತ್ತಿಕೊಂಡು ಒಳಗೆ ಹೋದರು.

ಹ್ಯಾಮ್ಲೆಟ್ ಈ ಶನಿವಾರಕ್ಕೆ. ಹೆಸರು ಹೇಳಲು ಇನ್ನೂ ಬರುತ್ತಿಲ್ಲ. ಅಮ್ಮ ‘ಕಾರು ಕದಿಯೋನು’ ಅನ್ನುತ್ತಾರೆ, ಸದ್ಯಕ್ಕೆ ಮನೆಯಲ್ಲಿ ಅದೇ ನಡೆಯುತ್ತಿದೆ.